ಪ್ರೇಮಕ್ಕ ಪಳಗಿಸುತ್ತಿರುವ ಬಾಣಲೆ

ಸೇಬಿನ ಸಿಪ್ಪೆ ತೆಗೆಯಬಾರದು. ಇದು ಪ್ರೇಮಕ್ಕನ ಮೊದಲ ಕಟ್ಟಳೆ. ಕಳೆದ ಅಕ್ಟೋಬರಿನ ಒಂದು ಶನಿವಾರ ಮಧ್ಯಾಹ್ನ, ವರ್ಜೀನಿಯಾದ ಹರ್ನ್‌ಡನ್‌ನ ಅವರ ಟೌನ್‌ಹೌಸಿನ ಅಡುಗೆಮನೆಯಲ್ಲಿ ನಾನು ಪೀಲರ್ ಹಿಡಿದು ಕುಳಿತಿದ್ದೆ. ಅವರು ಅದನ್ನು ಕಿತ್ತುಕೊಂಡು ಡ್ರಾಯರಿಗೆ ಹಾಕಿದರು.

"ಸಿಪ್ಪೆ ತೆಗೆದ್ರೆ ಕರಗಿ ಪಾಯಸ ಆಗ್ತದೆ ಮಾರಾಯ್ರೆ. ನಿಮ್ಗೆ ಪಾಯಸ ಬೇಕಾದ್ರೆ ದೇವಸ್ಥಾನಕ್ಕೆ ಹೋಗಿ."

ಒಲೆಯ ಮೇಲೆ ಬೀಡುಕಬ್ಬಿಣದ ಬಾಣಲೆ ಕಾಯುತ್ತಿತ್ತು. ಚಪ್ಪಟೆ ತಳ, ಎರಡು ಬೆರಳೆತ್ತರದ ಅಂಚು, ಒಂದು ಮೋಟು ಹಿಡಿ. ಇಲ್ಲಿನವರು ಸ್ಕಿಲೆಟ್ ಅನ್ನುತ್ತಾರೆ. ಪ್ರೇಮಕ್ಕ ಅದಕ್ಕೆ ಮೊದಲು ಈರುಳ್ಳಿ ಹಾಕಿದರು, ಅರ್ಧ ಚಂದ್ರನ ಹಾಗೆ ದಪ್ಪಕ್ಕೆ ಹೆಚ್ಚಿದ್ದು. ಅವಸರವಿಲ್ಲ. ಈರುಳ್ಳಿ ಕಂದು ತಿರುಗಿ ಸಿಹಿ ವಾಸನೆ ಬಂದ ಮೇಲೆ ಸೇಬು, ಒಂದು ಚಿಟಿಕೆ ಉಪ್ಪು, ಬೊಗಸೆಯ ತಳ ಮುಚ್ಚುವಷ್ಟು ಕಂದು ಸಕ್ಕರೆ. ಸ್ವಲ್ಪ ಹೊತ್ತು ಮುಚ್ಚಳ, ಆಮೇಲೆ ಮುಚ್ಚಳ ತೆಗೆದು ನೀರು ಆರುವ ತನಕ ಸುಮ್ಮನೆ ನಿಲ್ಲುವುದು. ಇಷ್ಟೇ ಅಡುಗೆ. ವರ್ಜೀನಿಯಾದ ಗುಡ್ಡಗಾಡಿನ ಬಡವರ ಮನೆಗಳಲ್ಲಿ, ಮಾಂಸವಿಲ್ಲದ ದಿನ ರೊಟ್ಟಿಗೆ ನಂಜಿಕೊಳ್ಳಲು ಇದೇ ಇರುತ್ತಿತ್ತಂತೆ. ಸೇಬು ಮರದ ಕೆಳಗೆ ಬಿದ್ದಿರುತ್ತಿತ್ತು, ಈರುಳ್ಳಿ ನೆಲಮಾಳಿಗೆಯಲ್ಲಿ ತೂಗುತ್ತಿತ್ತು.

ಬಾಣಲೆ ಪ್ರೇಮಕ್ಕನದಲ್ಲ. ಅದು ರೂತ್ ಆ್ಯನ್ ಎಂಬ ಮುದುಕಿಯದು. ಆಕೆ ತೀರಿಕೊಂಡು ಎರಡೂವರೆ ವರ್ಷವಾಯಿತು. ಪ್ರತಿ ಅಕ್ಟೋಬರಿನಲ್ಲಿ ಆಕೆಯ ಮಗ ವೇಯ್ನ್ ಬಾಣಲೆಯನ್ನೂ ಒಂದು ಚೀಲ ಸೇಬನ್ನೂ ಪ್ರೇಮಕ್ಕನ ಬಾಗಿಲಿಗೆ ತಂದುಕೊಡುತ್ತಾನೆ, ಥ್ಯಾಂಕ್ಸ್‌ಗಿವಿಂಗ್ ಕಳೆದ ಮೇಲೆ ಒಯ್ಯುತ್ತಾನೆ. ಇದು ಹೇಗೆ ಶುರುವಾಯಿತೆಂದು ಬರೆಯಲು ಕುಳಿತರೆ ನಮ್ಮವರ ಮಾನ ಹೋಗುತ್ತದೆ. ಹೋಗಲಿ.

ಪ್ರೇಮಾವತಿ ಎಂದರೆ ಹರ್ನ್‌ಡನ್ ಕನ್ನಡಿಗರಲ್ಲಿ ಅರ್ಧ ಜನಕ್ಕೆ ಗೊತ್ತಾಗುವುದಿಲ್ಲ. "ನೀರುದೋಸೆ ಆಂಟಿ" ಅಂದರೆ ಎಲ್ಲರಿಗೂ ಗೊತ್ತು. ಊರು ಕಾಪು. ಗಂಡ ಪುಂಡಲೀಕಣ್ಣ ಮೇರಿಲ್ಯಾಂಡಿನ ಒಂದು ಉಡುಪಿ ಹೋಟೆಲಿನ ಅಡುಗೆಮನೆಯಲ್ಲಿ ಇಪ್ಪತ್ತೆರಡು ವರ್ಷ ನಿಂತು, ಮಂಡಿ ಹೋದ ಮೇಲೆ ಮನೆಯಲ್ಲಿ ಕುಳಿತವರು. ಪ್ರೇಮಕ್ಕನಿಗೆ ಹತ್ತಿರದ ಒಂದು ವೃದ್ಧರ ಮನೆಯ ಅಡುಗೆಮನೆಯಲ್ಲಿ ಕೆಲಸ. ತರಕಾರಿ ಹೆಚ್ಚುವುದು, ತಟ್ಟೆ ಜೋಡಿಸುವುದು, ರೂಮಿಗೆ ಒಯ್ದು ಕೊಡುವುದು. ನಮ್ಮ ಕನ್ನಡ ಸಂಘದ ಸಮಾರಂಭಗಳಲ್ಲಿ ಯಾರು ಯಾವ ಕಂಪನಿ, ಯಾವ ವೀಸಾ ಎಂದು ವಿಚಾರಿಸಿಕೊಳ್ಳುವಾಗ ಪ್ರೇಮಕ್ಕನನ್ನು ಯಾರೂ ಏನೂ ಕೇಳುತ್ತಿರಲಿಲ್ಲ. ದೋಸೆ ಎಷ್ಟು ಹೊತ್ತಿಗೆ ಸಿಗುತ್ತೆ ಎಂದಷ್ಟೇ ಕೇಳುತ್ತಿದ್ದರು.

2020ರ ಮಾರ್ಚ್‌ನಲ್ಲಿ ನಾವೆಲ್ಲ ಬಾಗಿಲು ಹಾಕಿಕೊಂಡೆವು. ಲ್ಯಾಪ್‌ಟಾಪ್ ಮುಂದೆ ಕುಳಿತು ಸಂಬಳ ಎಣಿಸಿಕೊಂಡೆವು. ಹಾಲಿನ ಕ್ಯಾನಿಗೆ ಸೋಪು ಹಚ್ಚಿ ತೊಳೆದೆವು. ಹೊರಗೆ ದುಡಿಯುವವರನ್ನು ಹೊಗಳಿ ಫೇಸ್‌ಬುಕ್ಕಿನಲ್ಲಿ ಬರೆದೆವು. ಪ್ರೇಮಕ್ಕ ದಿನಾ ಬೆಳಿಗ್ಗೆ ಆರಕ್ಕೆ ಕೆಲಸಕ್ಕೆ ಹೋದರು.

ಬೇಸರ ಕಳೆಯಲು ನಮ್ಮ ಹದಿನಾರು ಮನೆಗಳವರು ಒಂದು ಏರ್ಪಾಡು ಮಾಡಿಕೊಂಡಿದ್ದೆವು. ಶನಿವಾರ ಶನಿವಾರ ಒಬ್ಬೊಬ್ಬರು ಒಂದೊಂದು ಅಡುಗೆ ಮಾಡಿ ಇನ್ನೊಬ್ಬರ ಬಾಗಿಲಲ್ಲಿ ಇಟ್ಟು ಬರುವುದು. ಪ್ರೇಮಕ್ಕನ ನೀರುದೋಸೆಗೆ ಜಗಳವಾಗುತ್ತಿತ್ತು. ಮೇ ತಿಂಗಳಲ್ಲಿ ಒಬ್ಬರು ನಮ್ಮ ವಾಟ್ಸಾಪ್ ಗ್ರೂಪಿನಲ್ಲಿ ಹಾಕಿದರು: "ಪ್ರೇಮಾ ಆಂಟಿ ಓಲ್ಡ್ ಏಜ್ ಹೋಮಲ್ಲಿ ವರ್ಕ್ ಮಾಡ್ತಾರಲ್ವಾ, ಸ್ವಲ್ಪ ರಿಸ್ಕ್ ಅನ್ಸತ್ತೆ. ಜಸ್ಟ್ ಸೇಯಿಂಗ್." ಹದಿನಾಲ್ಕು ಹೆಬ್ಬೆರಳುಗಳು ಮೇಲೆದ್ದವು. ಹೆದರಿಕೆ ತಪ್ಪೆಂದು ನಾನು ಹೇಳುವುದಿಲ್ಲ, ಎಲ್ಲರಿಗೂ ಪ್ರಾಣದ ಮೇಲೆ ಆಸೆ ಇತ್ತು. ಆದರೆ ಒಬ್ಬರಾದರೂ, "ಅವರು ಹೇಗಿದ್ದಾರೆ, ಅವರಿಗೆ ಏನಾದರೂ ಬೇಕಾ?" ಎಂದು ಕೇಳಲಿಲ್ಲ. ವಿಷಯ ತಿಳಿಸಲು ಯಾರೋ ಒಬ್ಬರು ಫೋನ್ ಮಾಡಬೇಕಿತ್ತು. ಮಾಡಿದ್ದು ನಾನು.

"ಪ್ರೇಮಕ್ಕ, ಸ್ವಲ್ಪ ದಿನ ನೀವು..."

"ಗೊತ್ತಾಯ್ತು ಬಿಡಿ. ನನ್ನ ಸ್ಟೀಲ್ ಡಬ್ಬ ಯಾರ ಹತ್ರವೋ ಉಂಟು. ಬಾಗಿಲ ಹತ್ರ ಇಟ್ಟು ಹೋಗ್ಲಿಕ್ಕೆ ಹೇಳಿ."

ಡಬ್ಬ ಹೋಯಿತು. ಸ್ಯಾನಿಟೈಜರ್ ಹಾಕಿ ಒರೆಸಿ, ಪ್ಲಾಸ್ಟಿಕ್ ಚೀಲದಲ್ಲಿ ಕಟ್ಟಿ, ಖಾಲಿಯಾಗಿ. ನಾವೆಲ್ಲ ಪಕ್ಕದ ಮನೆಯ ಪಾತ್ರೆಗೆ ಒಂದು ಹಿಡಿ ಸಕ್ಕರೆಯನ್ನಾದರೂ ಹಾಕಿ ಹಿಂದಿರುಗಿಸಿದ ತಾಯಂದಿರ ಮಕ್ಕಳು.

ಆರು ತಿಂಗಳು ಅವರ ಸುದ್ದಿಯಿಲ್ಲ. ನವೆಂಬರಿನಲ್ಲಿ ಫೋನ್ ಬಂತು.

"ನಿಮ್ಮ ಕಾರು ಹೊರಗೆ ಹೋಗ್ತದಾ?" ಎಂದು ಶುರು ಮಾಡಿದರು. "ನಂಗೆ ಸೇಬು ಬೇಕಿತ್ತು. ಅಂಗಡಿಯ ಮೇಣ ಹಚ್ಚಿದ್ದಲ್ಲ. ವಿಂಚೆಸ್ಟರ್ ಕಡೆ ಸ್ಟೇಮನ್ ಅಂತ ಒಂದು ಜಾತಿ ಸಿಗ್ತದಂತೆ, ಹುಳಿ ಉಂಟಂತೆ. ನಂಗೆ ರಜೆ ಇಲ್ಲ, ಇವರಿಗೆ ಮಂಡಿ ಇಲ್ಲ."

ಹಿಂದಿನಿಂದ ಪುಂಡಲೀಕಣ್ಣನ ದನಿ ಬಂತು: "ಮಂಡಿ ಉಂಟು. ಬಗ್ಗುದಿಲ್ಲ ಅಷ್ಟೆ."

ಸೇಬು ರೂತ್ ಆ್ಯನ್‌ಗಾಗಿ. ಆಕೆ ಆ ಮನೆಯ ಹನ್ನೆರಡನೇ ಕೋಣೆಯಲ್ಲಿದ್ದ ಎಂಬತ್ತನಾಲ್ಕರ ಹೆಂಗಸು. ವಿಂಚೆಸ್ಟರ್ ಹತ್ತಿರದ ಸೇಬಿನ ಪ್ಯಾಕಿಂಗ್ ಶೆಡ್ಡಿನಲ್ಲಿ ಮೂವತ್ತೊಂದು ವರ್ಷ, ಬೆಲ್ಟಿನ ಮೇಲೆ ಉರುಳಿ ಬರುವ ಹಣ್ಣಿನಲ್ಲಿ ಕೆಟ್ಟದ್ದನ್ನು ಆರಿಸಿ ಎಸೆದವಳು. ಮಾರ್ಚ್‌ನಿಂದ ಮಗನ ಮುಖವನ್ನು ಕಿಟಕಿಯ ಗಾಜಿನಾಚೆ ಮಾತ್ರ ನೋಡಿದ್ದಳು. ಅಕ್ಕಪಕ್ಕದ ಕೋಣೆಗಳು ಒಂದೊಂದಾಗಿ ಖಾಲಿಯಾದವು. ಹಾಗೆ ಒಂದು ದಿನ ಆಕೆ ಊಟ ನಿಲ್ಲಿಸಿದಳು. ಹಟವಿಲ್ಲ, ರಂಪವಿಲ್ಲ. ತಟ್ಟೆಯನ್ನು ಸ್ವಲ್ಪ ಮುಂದಕ್ಕೆ ತಳ್ಳಿ ಗೋಡೆ ನೋಡುತ್ತಿದ್ದಳಂತೆ. ನಾಲ್ಕು ದಿನ ಜ್ಯೂಸ್ ಬಿಟ್ಟರೆ ಏನೂ ಇಲ್ಲ. ನರ್ಸ್ ತೂಕ ಬರೆದುಕೊಂಡು ತಲೆಯಾಡಿಸಿದಳು.

"ನಾನು ಕೇಳಿದೆ ಮಾರಾಯ್ರೆ, 'ಮಿಸ್ ರೂತ್ ಆ್ಯನ್, ಎಂತ ಮಾಡಿ ಕೊಟ್ರೆ ತಿಂತೀರಿ?' ಅಂತ. ಗೋಡೆ ನೋಡ್ಕೊಂಡೇ ಹೇಳಿದ್ರು, 'ಸೇಬು, ನೀರುಳ್ಳಿ. ನನ್ನ ಅಮ್ಮನ ಸ್ಕಿಲೆಟ್‌ನಲ್ಲಿ ಹುರಿದದ್ದು. ಅದು ಇಲ್ಲದಿದ್ರೆ ನನ್ನನ್ನು ಬಿಟ್ಟುಬಿಡು' ಅಂತ. ಮಗನ ಹತ್ರ ಫೋನಲ್ಲಿ ಮಾತಾಡಿದೆ. ಸ್ಕಿಲೆಟ್ ತಂದುಕೊಡ್ತಾನಂತೆ."

ವೃದ್ಧರ ಮನೆಯ ಅಡುಗೆಮನೆಗೆ ಹೊರಗಿನ ಪಾತ್ರೆ ತರುವಂತಿರಲಿಲ್ಲ. ಆದರೆ ಮನೆಯವರು ಊಟ ತಂದರೆ ಮುಂಬಾಗಿಲಲ್ಲಿ ಇಸಕೊಳ್ಳುತ್ತಿದ್ದರು. ಹಾಗಾಗಿ ಪ್ರೇಮಕ್ಕ ತಮ್ಮ ಮನೆಯಲ್ಲಿ ಅಡುಗೆ ಮಾಡುವುದು, ವೇಯ್ನ್ ಅದನ್ನು ಒಯ್ದು ಮುಂಬಾಗಿಲಲ್ಲಿ ಕೊಡುವುದು, ಒಳಗಿನಿಂದ ಪ್ರೇಮಕ್ಕನೇ ಬಂದು ಅದನ್ನು ಹನ್ನೆರಡನೇ ಕೋಣೆಗೆ ಒಯ್ಯುವುದು ಎಂದಾಯಿತು.

ನಾನು ರೂಟ್ ಸೆವೆನ್ ಹಿಡಿದು ಒಂದು ಗಂಟೆ ಪಶ್ಚಿಮಕ್ಕೆ ಡ್ರೈವ್ ಮಾಡಿ ಹಣ್ಣಿನ ಅಂಗಡಿಯೊಂದರಲ್ಲಿ ಅರ್ಧ ಬುಟ್ಟಿ ಸ್ಟೇಮನ್ ತಂದೆ. ಆರು ತಿಂಗಳ ಹಿಂದಿನ ಫೋನಿಗೆ ಅದು ಪರಿಹಾರವಲ್ಲ, ಗೊತ್ತಿತ್ತು. ಸೋಮವಾರ ಪ್ರೇಮಕ್ಕನಿಗೆ ಸಂಜೆ ಪಾಳಿ. ಬೆಳಿಗ್ಗೆ ಅವರ ಮೆಟ್ಟಿಲ ಮೇಲೆ ಬುಟ್ಟಿ ಇಟ್ಟು ಹಿಂದೆ ಸರಿದು ನಿಂತಾಗ ಒಳಗಿನಿಂದ ಕೂಗಾಟ ಕೇಳಿಸಿತು.

"ನಿಮ್ಗೆ ಯಾರು ಹೇಳಿದ್ದು ಮುಟ್ಲಿಕ್ಕೆ? ಯಾರು ಹೇಳಿದ್ದು?"

ಆದದ್ದು ಇಷ್ಟು. ವೇಯ್ನ್ ಭಾನುವಾರ ಬಾಣಲೆ ತಂದುಕೊಟ್ಟಿದ್ದ. ಎಪ್ಪತ್ತೆಂಬತ್ತು ವರ್ಷದ ಕೊಬ್ಬು ಕುಡಿದು ಕುಡಿದು ಅದರ ಮೈ ಕರಿಗಲ್ಲಿನ ಹಾಗೆ ಮಿರುಗುತ್ತಿತ್ತಂತೆ. ಪ್ರೇಮಕ್ಕ ಕೆಲಸಕ್ಕೆ ಹೋದಾಗ ಪುಂಡಲೀಕಣ್ಣ ಮೂಸಿ ನೋಡಿದರು. ಹಂದಿಕೊಬ್ಬಿನ ವಾಸನೆ. ಮಾರನೇ ದಿನ ಕಾರ್ತಿಕ ಸೋಮವಾರ. ಅದಕ್ಕಿಂತ ಹೆಚ್ಚಾಗಿ, ಬೇರೆಯವರ ಮನೆಯ ಪಾತ್ರೆ, ಇಷ್ಟು ಮಸಿ ಹಿಡಿದದ್ದನ್ನು ಹಾಗೇ ಹಿಂದಿರುಗಿಸಿದರೆ ತನ್ನ ಮರ್ಯಾದೆ ಏನಾಗಬೇಕು? ಹುಣಸೆಹಣ್ಣು, ಕಲ್ಲುಪ್ಪು, ಉಕ್ಕಿನ ನಾರು ತೆಗೆದುಕೊಂಡು ಕುಳಿತರು. ಎರಡು ಗಂಟೆ ಉಜ್ಜಿದರು. ದೀಪಾವಳಿಯ ದೀಪ ಬೆಳಗುವ ಶ್ರದ್ಧೆಯಿಂದ. ಕರಿ ಹೋಗಿ ಬೂದು ಕಬ್ಬಿಣ ಕಂಡಾಗ ಅವರಿಗೆ ತೃಪ್ತಿಯಾಯಿತು. ಬೆಳಿಗ್ಗೆ ಅದರ ಮೇಲೆ ಕೆಂಪು ತುಕ್ಕು ಕುಳಿತಿತ್ತು.

"ಇಪ್ಪತ್ತೆರಡು ವರ್ಷ ದೋಸೆಕಲ್ಲಿನ ಮುಂದೆ ನಿಂತವ್ರು ನೀವು! ಕಾವಲಿಗೆ ಹುಣಸೆ ಹಾಕ್ತಾರಾ?"

"ಅದು ಕಾವಲಿ ಅಂತ ನಂಗೆ ಹೇಗೆ ಗೊತ್ತಾಗ್ಬೇಕು? ಹಿಡಿ ಉಂಟು, ಅಂಚು ಉಂಟು. ಬಾಣಲೆ ಅಂತ ಮಾಡಿದೆ. ಬಾಣಲೆ ತೊಳಿಬಾರ್ದಾ?"

ಪ್ರೇಮಕ್ಕ ಬಾಗಿಲಿಗೆ ಬಂದರು. ಆರು ತಿಂಗಳ ನಂತರ ಮೊದಲ ಸಲ ನೋಡುತ್ತಿದ್ದೆ. ಮಾಸ್ಕಿನ ಮೇಲೆ ಕಣ್ಣು ಕೆಂಪಾಗಿತ್ತು.

"ನನ್ನ ಅಮ್ಮನ ಕಾವಲಿಯನ್ನು ಯಾರಾದ್ರೂ ಹೀಗೆ ಮಾಡಿದ್ರೆ ನಾನು ಜನ್ಮದಲ್ಲಿ ಮಾತಾಡ್ತಿರ್ಲಿಲ್ಲ," ಎಂದರು. ಕಾಪುವಿನ ಮನೆಯಲ್ಲಿ ಅಮ್ಮನ ಕಾವಲಿಗೆ ಪ್ರತ್ಯೇಕ ಮೊಳೆ ಇತ್ತಂತೆ. ಇನ್ಯಾವ ಅಡುಗೆಗೂ ಅದನ್ನು ಮುಟ್ಟುವಂತಿರಲಿಲ್ಲ. ದೋಸೆ ಹೊಯ್ಯುವ ಮೊದಲು ಅರ್ಧ ಈರುಳ್ಳಿಯನ್ನು ತೆಂಗಿನೆಣ್ಣೆಯಲ್ಲಿ ಅದ್ದಿ ಉಜ್ಜುವುದು ಮಗಳ ಕೆಲಸ. "ಶಾಲೆಗೆ ಹೋದ್ರೆ ಕೈಯೆಲ್ಲ ನೀರುಳ್ಳಿ ವಾಸನೆ. ಟೀಚರ್ ಮೂಗು ಮುಚ್ಚಿಕೊಳ್ತಿದ್ರು. ಈಗ ಆ ವಾಸನೆ ಬಂದ್ರೆ ಅಮ್ಮ ಬಂದ ಹಾಗೆ ಆಗ್ತದೆ."

ಅದೇ ಗೊತ್ತಿದ್ದ ದಾರಿ. ತುಕ್ಕು ಒರೆಸಿ, ಅರ್ಧ ಈರುಳ್ಳಿಗೆ ಫೋರ್ಕ್ ಚುಚ್ಚಿ, ಎಣ್ಣೆ ಹಚ್ಚಿ ಉಜ್ಜಿ ಕಾಯಿಸಿದರು. ಹೊಗೆಯಲಾರ್ಮ್ ಕಿರುಚಿತು. ಪುಂಡಲೀಕಣ್ಣ ಅದರ ಕೆಳಗೆ ನಿಂತು ಹೆಗಲ ಮೇಲಿನ ಬೈರಾಸು, ಅಂದರೆ ಟವೆಲು, ತೆಗೆದು ಬೀಸಿದರು. ಆದರೆ ಕಾವಲಿ ಪಳಗಲು ತಿಂಗಳುಗಳು ಬೇಕು, ರೂತ್ ಆ್ಯನ್‌ಗೆ ಅಷ್ಟು ದಿನವಿರಲಿಲ್ಲ. ಆ ಮಧ್ಯಾಹ್ನವೇ ಅದರಲ್ಲಿ ಸೇಬು ಹುರಿದರು. ಹುಳಿ ಸೇಬು ಬರಿಯ ಕಬ್ಬಿಣಕ್ಕೆ ತಾಗಿ ಕಪ್ಪಾಯಿತು. ತಳಕ್ಕೆ ಅಂಟಿತು. ಕೆರೆದು ತೆಗೆದು ಡಬ್ಬಿಗೆ ಹಾಕಿದರು. ವೇಯ್ನ್ ಒಯ್ದ.

ರಾತ್ರಿ ಪ್ರೇಮಕ್ಕನೇ ಫೋನ್ ಮಾಡಿ ಹೇಳಿದರು.

"ಒಂದೇ ಚಮಚ ಬಾಯಿಗಿಟ್ರು. ನನ್ನ ಮುಖ ನೋಡಿದ್ರು. ಇಷ್ಟು ದಿನ ಗೋಡೆ ನೋಡ್ತಿದ್ದವ್ರು! 'ಯಾರೋ ನನ್ನ ಅಮ್ಮನ ಸ್ಕಿಲೆಟ್ ಉಜ್ಜಿದ್ದಾರೆ' ಅಂದ್ರು. ಕಬ್ಬಿಣದ ರುಚಿ ಗೊತ್ತಾಯ್ತು ಅವರಿಗೆ."

"ನೀವೇನಂದ್ರಿ?"

"ಎಂತ ಹೇಳುದು? ಸುಳ್ಳು ಹೇಳ್ಬಹುದಿತ್ತು, ನಿಮ್ಮ ನಾಲಿಗೆಗೆ ರುಚಿ ಇಲ್ಲ ಅಂತ. ಈ ಕೊರೊನಾದಲ್ಲಿ ಎಲ್ಲರ ನಾಲಿಗೆಯೂ ಹಾಗೇ ಅಲ್ವಾ. ಹೇಳ್ಲಿಕ್ಕೆ ಬಾಯಿ ಬರ್ಲಿಲ್ಲ. 'ನನ್ನ ಗಂಡ ಉಜ್ಜಿದ್ರು, ಗೌರವ ಅಂತ ಉಜ್ಜಿದ್ರು, ತಪ್ಪು ನಮ್ದು' ಅಂದೆ. ಅವರು ಚಮಚ ಕೆಳಗಿಟ್ರು. 'ಹೊರಗೆ ಹೋಗು' ಅಂದ್ರು."

ಎರಡು ದಿನ ರೂತ್ ಆ್ಯನ್ ಪ್ರೇಮಕ್ಕನ ಕೈಯಿಂದ ಒಂದು ಲೋಟ ನೀರನ್ನೂ ತೆಗೆದುಕೊಳ್ಳಲಿಲ್ಲ. ಮೂರನೇ ದಿನ ಪ್ರೇಮಕ್ಕ ತಟ್ಟೆ ಇಟ್ಟು ತಿರುಗುವಾಗ ಹಿಂದಿನಿಂದ ಕೇಳಿದಳಂತೆ, "ಈಗ ಅದರಲ್ಲಿ ಏನು ಮಾಡ್ತಿದ್ದೀಯಾ?"

"ಈರುಳ್ಳಿ ಹಾಕಿ ಉಜ್ಜುತ್ತಿದ್ದೇನೆ."

"ಅಷ್ಟಾದರೂ ಗೊತ್ತಲ್ಲ. ವಾರ ವಾರ ಅದಕ್ಕೆ ಉಣ್ಣಿಸಬೇಕು. ಸೇಬು ಕಡಿಮೆ, ಈರುಳ್ಳಿ ಜಾಸ್ತಿ. ಮಾಡಿ ತಂದು ನನಗೆ ತೋರಿಸು. ಸ್ಕಿಲೆಟ್ ಹದಕ್ಕೆ ಬಂತೋ ಇಲ್ಲವೋ ನಾನು ಹೇಳ್ತೇನೆ."

ಹಾಗೆ ಶುರುವಾಯಿತು. ಪ್ರತಿ ಶನಿವಾರ ನಾನು ಸೇಬು ತರುವುದು, ಭಾನುವಾರ ಪ್ರೇಮಕ್ಕ ಹುರಿಯುವುದು, ವೇಯ್ನ್ ಒಯ್ಯುವುದು. ರೂತ್ ಆ್ಯನ್ ತಿಂದು ತೀರ್ಪು ಕೊಡುವುದು. ಬೆಲ್ಟಿನ ಮುಂದೆ ಮೂವತ್ತೊಂದು ವರ್ಷ ಕೆಟ್ಟದ್ದನ್ನು ಆರಿಸಿದ ಹೆಂಗಸು ಸುಲಭಕ್ಕೆ ಬಿಡುವವಳಲ್ಲ. ಎರಡನೇ ವಾರ ತೆಂಗಿನೆಣ್ಣೆಯಲ್ಲಿ ಮಾಡಿದ್ದಕ್ಕೆ, "ಇದೇನು, ಬೀಚಿನಲ್ಲಿ ಮೈಗೆ ಹಚ್ಚಿಕೊಳ್ಳುವ ಲೋಶನ್ನಾ?" ಎಂದಳು. ಸ್ಕಿಲೆಟ್‌ಗೆ ಹಂದಿಕೊಬ್ಬೇ ಆಗಬೇಕು, ಅದರ ಮೈ ಅದಕ್ಕೇ ಒಗ್ಗಿದ್ದು ಎಂದಳು.

ಪ್ರೇಮಕ್ಕ ಮನೆಗೆ ಬಂದು ಇದನ್ನು ಗಂಡನಿಗೆ ಹೇಳಿದರು. ಮೀನು ತಿನ್ನುವ ಮನೆ, ಹಂದಿ ಬಂದದ್ದಿಲ್ಲ. ಪುಂಡಲೀಕಣ್ಣ ಮಾಸ್ಕ್ ಹಾಕಿಕೊಂಡರು, ಕೋಲು ಹಿಡಿದರು, ಅಂಗಡಿಗೆ ನಡೆದರು. ಎಪ್ಪತ್ತರ ಮನುಷ್ಯ, ಬಗ್ಗದ ಮಂಡಿ, ಹುಟ್ಟಿದ ಮೇಲೆ ಮೊದಲ ಸಲ ಬೇಕನ್ ಕೊಂಡರು. ಮನೆಯ ಹಿಂದಿನ ಪ್ಯಾಟಿಯೋದಲ್ಲಿ ಕರೆಂಟಿನ ಒಲೆ ಇಟ್ಟು, ಮೂಗಿಗೆ ಬೈರಾಸು ಕಟ್ಟಿಕೊಂಡು ಅದನ್ನು ಕಾಯಿಸಿ ಕೊಬ್ಬು ಇಳಿಸಿದರು. ಸೋಮವಾರ ಬಿಟ್ಟು ಬೇರೆ ದಿನ ಮಾತ್ರ. ಉಳಿದ ಮಾಂಸ ಪಕ್ಕದ ಮನೆಯ ನಾಯಿಗೆ ಹೋಯಿತು. ಆ ಚಳಿಗಾಲ ಮುಗಿಯುವ ಹೊತ್ತಿಗೆ ನಾಯಿ ಓಡುವುದನ್ನೇ ಬಿಟ್ಟಿತ್ತು.

"ನಾನು ತೆಗೆದದ್ದು, ನಾನೇ ಹಾಕ್ಬೇಕಲ್ಲ," ಎಂದರು ನನ್ನ ಹತ್ತಿರ. ಮಡಿ ಮೈಲಿಗೆಯ ಬಗ್ಗೆ ನಮ್ಮ ಗ್ರೂಪಿನಲ್ಲಿ ದಿನಾ ಮೂರು ಉಪದೇಶ ಬರುತ್ತವೆ. ಇಷ್ಟು ಸಣ್ಣ ವಾಕ್ಯ ನಾನು ಅಲ್ಲಿ ಓದಿಲ್ಲ.

ಡಿಸೆಂಬರ್, ಜನವರಿ. ವಾರ ವಾರ ಪ್ರೇಮಕ್ಕನ ಫೋನ್.

"ಇವತ್ತು ಎಷ್ಟು ತಿಂದ್ರು?"

"ಅರ್ಧ. ನೀರುಳ್ಳಿ ಸೀದಿದೆ ಅಂತ ಬೈದ್ರು. ಬೈತಾ ಬೈತಾ ತಿಂದ್ರು."

"ಸ್ಕಿಲೆಟ್ ಹದಕ್ಕೆ ಬಂತಂತಾ?"

"'ನಾಟ್ ಯೆಟ್' ಅಂದ್ರು."

ಫೆಬ್ರವರಿಯಲ್ಲಿ ಡಬ್ಬಿ ಪೂರ್ತಿ ಖಾಲಿಯಾಗತೊಡಗಿತು. ಬೈಯಲು ಶಕ್ತಿ ಬೇಕೆಂದು ಮಧ್ಯಾಹ್ನದ ಸೂಪನ್ನೂ ಕುಡಿಯುತ್ತಿದ್ದಳೋ ಏನೋ. ತೂಕದ ಕಾಗದ ನೋಡಿ ನರ್ಸ್ ಪ್ರೇಮಕ್ಕನ ಬೆನ್ನು ತಟ್ಟಿದಳು. ನಡುವೆ ಕಥೆಗಳೂ ಬರತೊಡಗಿದವು. ಅಮ್ಮ ಇದೇ ಬಾಣಲೆಯಲ್ಲಿ ಏಳು ಮಕ್ಕಳಿಗೆ ಹುರಿಯುತ್ತಿದ್ದದ್ದು, ಕೊನೆಯವಳಾದ ತನಗೆ ತಳದ ಕಂದು ಕೆರಕಲು ಮಾತ್ರ ಸಿಗುತ್ತಿದ್ದದ್ದು, ಅದೇ ಎಲ್ಲಕ್ಕಿಂತ ರುಚಿ ಎಂದು ಅಣ್ಣಂದಿರಿಗೆ ಗೊತ್ತಾಗದ ಹಾಗೆ ಅಳುಮುಖ ಮಾಡುತ್ತಿದ್ದದ್ದು. ಮುಂದಿನ ವಾರದಿಂದ ಪ್ರೇಮಕ್ಕ ಡಬ್ಬಿಯ ಒಂದು ಮೂಲೆಗೆ ತಳದ ಕೆರಕಲು ಹಾಕತೊಡಗಿದರು. ರೂತ್ ಆ್ಯನ್ ಅದನ್ನು ಕೊನೆಗೆ ತಿನ್ನುತ್ತಿದ್ದಳಂತೆ, ಕಣ್ಣು ಮುಚ್ಚಿಕೊಂಡು.

ಆ ವಸಂತದಲ್ಲಿ ಎಲ್ಲರಿಗೂ ಲಸಿಕೆಯಾಯಿತು. ಶನಿವಾರದ ಏರ್ಪಾಡು ಮತ್ತೆ ಶುರುವಾಯಿತು. "ಪ್ರೇಮಾ ಆಂಟಿ, ವಿ ಮಿಸ್ಡ್ ಯುವರ್ ನೀರುದೋಸೆ!" ಎಂದು ಒಬ್ಬರು ಹೃದಯದ ಚಿತ್ರ ಹಾಕಿ ಬರೆದರು. ಕ್ಷಮಿಸಿ ಎಂದು ಯಾರೂ ಬರೆಯಲಿಲ್ಲ. ನಾನೂ ಬರೆಯಲಿಲ್ಲ. ಪ್ರೇಮಕ್ಕ ದೋಸೆ ಮಾಡಿ ಕಳಿಸಿದರು. ಅದು ಅವರ ದೊಡ್ಡತನ ಎಂದು ನಾವು ಹೇಳಿಕೊಂಡೆವು. ದೊಡ್ಡತನವನ್ನು ಯಾವಾಗಲೂ ಇನ್ನೊಬ್ಬರ ಪಾಲಿಗೆ ಬಿಡುವುದು ನಮಗೆ ಎಷ್ಟು ಸಲೀಸು.

ಮೇ ತಿಂಗಳಲ್ಲಿ ವೇಯ್ನ್ ತಾಯಿಯನ್ನು ಗಾಲಿಕುರ್ಚಿಯಲ್ಲಿ ಕೂರಿಸಿ ಪ್ರೇಮಕ್ಕನ ಪ್ಯಾಟಿಯೋಗೆ ಕರೆತಂದ. ಅವತ್ತು ನಾನೂ ಇದ್ದೆ. ರೂತ್ ಆ್ಯನ್ ನಾನು ಅಂದುಕೊಂಡದ್ದಕ್ಕಿಂತ ಚಿಕ್ಕ ಹೆಂಗಸು. ಕೈಬೆರಳುಗಳು ಮಾತ್ರ ದೊಡ್ಡವು, ಗಂಟುಗಂಟು. ಪುಂಡಲೀಕಣ್ಣ ಪಂಚೆ ಬಿಟ್ಟು ಪ್ಯಾಂಟ್ ಹಾಕಿಕೊಂಡು, ಶಾಲೆಯಲ್ಲಿ ತಪ್ಪು ಮಾಡಿದವರ ಹಾಗೆ ಬಾಗಿಲ ಸಂದಿಯಲ್ಲಿ ನಿಂತಿದ್ದರು.

"ಅವನೇನಾ?" ಎಂದಳು ಮುದುಕಿ.

"ಅವರೇ," ಎಂದರು ಪ್ರೇಮಕ್ಕ.

"ಇಲ್ಲಿ ಬಾ."

ಪುಂಡಲೀಕಣ್ಣ ಬಾಣಲೆಯನ್ನು ಎರಡೂ ಕೈಯಲ್ಲಿ ಹಿಡಿದು ಹೋಗಿ ಆಕೆಯ ಮಡಿಲಲ್ಲಿ ಇಟ್ಟರು. ಆಕೆ ತೋರುಬೆರಳನ್ನು ತಳದ ಮೇಲೆ ಸುತ್ತ ಎಳೆದಳು. ಬೆರಳನ್ನು ಮೂಸಿದಳು. ನಾವು ನಾಲ್ಕು ಜನ ಆಕೆಯ ಮುಖವನ್ನೇ ನೋಡುತ್ತಾ ನಿಂತಿದ್ದೆವು.

"ನಾಟ್ ಯೆಟ್," ಎಂದಳು. ಆಮೇಲೆ ಪುಂಡಲೀಕಣ್ಣನ ಕಡೆ ನೋಡಿ, "ಕೈಯಲ್ಲಿ ಬಲ ಇದೆ ನಿನಗೆ. ಅಮ್ಮನ ಸ್ಕಿಲೆಟ್ ಅಷ್ಟು ಹೊಳೆದದ್ದು ಆಕೆ ಅದನ್ನು ಕೊಂಡ ದಿನ ಮಾತ್ರ," ಎಂದು ನಕ್ಕಳು. ಪುಂಡಲೀಕಣ್ಣನಿಗೆ ಇಂಗ್ಲಿಷ್ ಅಷ್ಟಕ್ಕಷ್ಟೆ. ನಗು ಅರ್ಥವಾಯಿತು. ಬೈರಾಸಿಗೆ ಕೈ ಹಾಕಿದರು, ಅವತ್ತು ಹೆಗಲ ಮೇಲೆ ಅದು ಇರಲಿಲ್ಲ.

ರೂತ್ ಆ್ಯನ್ ಮುಂದಿನ ಫೆಬ್ರವರಿಯಲ್ಲಿ, ಮಗ ಕೈ ಹಿಡಿದುಕೊಂಡಿದ್ದಾಗ ಹೋದಳು. ಬಾಣಲೆ ವೇಯ್ನ್ ಮನೆಗೆ ಮರಳಿತು. ಅಕ್ಟೋಬರಿನಲ್ಲಿ ಆತ ಅದನ್ನು ಹಿಡಿದು ಮತ್ತೆ ಪ್ರೇಮಕ್ಕನ ಬಾಗಿಲಲ್ಲಿ ನಿಂತ. ತನಗೆ ಮೊಟ್ಟೆ ಬಿಟ್ಟು ಏನೂ ಮಾಡಲು ಬರುವುದಿಲ್ಲ, ಸ್ಕಿಲೆಟ್ ಹಸಿದುಕೊಂಡಿದೆ ಎಂದ. ಬಾಣಲೆಯ ತುಂಬ ಸೇಬಿತ್ತು. ಪ್ರೇಮಕ್ಕ ಅದನ್ನು ನನಗೆ ಹೇಳುವಾಗ, "ಖಾಲಿ ತರ್ಲಿಲ್ಲ ನೋಡಿ," ಎಂದಷ್ಟೇ ಅಂದರು. ನನ್ನ ಮುಖ ನೋಡಲಿಲ್ಲ. ಪುಣ್ಯ.

ಕಳೆದ ಅಕ್ಟೋಬರಿನ ಆ ಶನಿವಾರ ಅಡುಗೆಯಾದ ಮೇಲೆ ಪ್ರೇಮಕ್ಕ ಬಾಣಲೆಯನ್ನು ಓರೆ ಮಾಡಿದರು. ಸೇಬು, ಈರುಳ್ಳಿ ಎರಡೂ ಎಲ್ಲೂ ಅಂಟದೆ ಒಟ್ಟಿಗೆ ಜಾರಿ ತಟ್ಟೆಗೆ ಇಳಿದವು. ತಳ ಕಪ್ಪಗೆ, ನುಣ್ಣಗೆ, ಕಿಟಕಿಯ ಬೆಳಕು ಅದರಲ್ಲಿ ಕಾಣುವಷ್ಟು.

"ನಿಮ್ಗಂತ ಬೆಣ್ಣೆಯಲ್ಲಿ ಮಾಡಿದ್ದು. ಆದ್ರೆ ಪಾತ್ರೆ ಯಾವುದು ಅಂತ ನಿಮ್ಗೆ ಗೊತ್ತುಂಟು. ಬೇಡ ಅಂದ್ರೆ ನಂಗೆ ಬೇಜಾರಿಲ್ಲ."

ನಮ್ಮ ಮೈಸೂರಿನ ಮನೆಯಲ್ಲಿ ಮೊಟ್ಟೆ ಕೂಡ ಹೊಸಿಲು ದಾಟಿದ್ದಿಲ್ಲ. ನಾನು ತಟ್ಟೆ ಚಾಚಿದೆ. ಸಿಹಿ, ಹುಳಿ, ಕೊನೆಯಲ್ಲಿ ಒಂದು ಹೊಗೆಯ ಎಳೆ. ತಿನ್ನುತ್ತಾ ನಾಲ್ಕು ವರ್ಷದ ಹಿಂದೆಯೇ ಹೇಳಬೇಕಿದ್ದದ್ದನ್ನು ಹೇಳಿದೆ.

"ಪ್ರೇಮಕ್ಕ, ಆವತ್ತು ಆ ಫೋನು ನಾನು ಮಾಡಬಾರದಿತ್ತು. ತಪ್ಪಾಯ್ತು."

ಪ್ರೇಮಕ್ಕ ಅರ್ಧ ಈರುಳ್ಳಿಗೆ ಫೋರ್ಕ್ ಚುಚ್ಚಿ, ಬಿಸಿ ಬಾಣಲೆಯನ್ನು ಸುತ್ತ ಉಜ್ಜಿದರು. ಪುಂಡಲೀಕಣ್ಣ ಒಳಗಿನಿಂದ ಬಂದು, ಮಂಡಿ ಬಗ್ಗದೆ ಸೊಂಟ ಬಗ್ಗಿಸಿ, ಬಾಣಲೆಯೊಳಗೆ ಇಣುಕಿದರು.

"ಈಗ ಆಯ್ತಲ್ಲ ಮಾರಾಯ್ತಿ? ಇದ್ರಲ್ಲಿ ಮುಖ ನೋಡಿ ತಲೆ ಬಾಚ್ಬಹುದು."

ಪ್ರೇಮಕ್ಕ ತೋರುಬೆರಳನ್ನು ತಳದ ಮೇಲೆ ಒಂದು ಸುತ್ತು ಎಳೆದು ಮೂಸಿದರು.

"ಇನ್ನೂ ಆಗ್ಲಿಲ್ಲ," ಎಂದರು. ಆಮೇಲೆ ಈರುಳ್ಳಿ ಉಜ್ಜಿದಾಗ ಎದ್ದು ಬಂದ ತಳದ ಕಂದು ಕೆರಕಲನ್ನು ಚಮಚದಲ್ಲಿ ಒಟ್ಟುಮಾಡಿ ನನ್ನ ತಟ್ಟೆಗೆ ಹಾಕಿದರು. "ಬರುವ ಶನಿವಾರ ಸೇಬು ತನ್ನಿ. ಇದು ಮುಗಿತು."